ಹೂವೂ ಪಟ್ಟಣಿಗರೂ

“ಪಟ್ಟಣಿಗರಿಗೆ ಹೂವಿನ ಕ್ರಯ ತಿಳಿದಿದೆ, ಹೂವು ತಿಳಿಯದು” ಎಂಬ ಮಾತು ನಮ್ಮ ಮಲೆನಾಡಿನ ಜಗಲಿಗಳಲ್ಲಿ ಕೇಳಿಬರುವುದುಂಟು. ಹಿತ್ತಿಲಲ್ಲಿ ಸಂಪಿಗೆ, ಕಾಡಿನಲ್ಲಿ ಸುರಗಿ, ಮರದ ಕೊಂಬೆಯಲ್ಲಿ ಸೀತಾಳೆದಂಡೆ ಇರುವ ನಮಗೆ ಈ ಅಭಿಮಾನವು ಸಹಜವೇ ಸರಿ. ಆದರೆ ಈ ಮಾತು ನ್ಯಾಯವಲ್ಲವೆಂಬುದು ನನ್ನ ವಾದ.

ಬಾಳೆಹೊನ್ನೂರಿನ ಬಳಿ 1925ರಲ್ಲಿ ಕಾಫಿಯ ಪ್ರಯೋಗ ಕೇಂದ್ರವು ಸ್ಥಾಪಿತವಾಯಿತು. ಅದರ ಸುತ್ತಣ ತೋಟಗಳು ಹೂಮಳೆ ಬಿದ್ದ ಎಂಟು ಹತ್ತು ದಿನಗಳಲ್ಲಿ ಬೆಳ್ಳಗಾಗಿ ಮಲ್ಲಿಗೆಯಂತೆ ಕಂಪನ್ನು ಬೀರುವುವು. ಆಗ ನಮ್ಮವರ ಬಾಯಲ್ಲಿ ಬರುವ ಪ್ರಶ್ನೆ ಯಾವುದು? “ಈ ಸಲ ಎಷ್ಟು ಮೂಟೆಯಾದೀತು?” ಎಂಬುದೇ. ಬೆಳೆಗಾರನಿಗೆ ಇದು ದೋಷವಲ್ಲ. ಆದರೆ ಕ್ರಯವನ್ನೆಣಿಸುವವರು ಪಟ್ಟಣಿಗರು ಮಾತ್ರವೆಂದು ಹೇಳುವ ಅಧಿಕಾರ ನಮಗೆಲ್ಲಿಯದು?

ಹೈದರಾಲಿಯು 1760ರಲ್ಲಿ ತೊಡಗಿದ ಬೆಂಗಳೂರಿನ ಲಾಲ್‌ಬಾಗಿನಲ್ಲಿ ಗಣರಾಜ್ಯೋತ್ಸವ, ಸ್ವಾತಂತ್ರ್ಯೋತ್ಸವಗಳ ಕಾಲಕ್ಕೆ ನಡೆಯುವ ಫಲಪುಷ್ಪ ಪ್ರದರ್ಶನಕ್ಕೆ ಜನ ಮುಗಿಬೀಳುವರು. ಅದನ್ನು ಜಾತ್ರೆಯ ಕುತೂಹಲವೆನ್ನಿರಿ, ಬಾಧಕವಿಲ್ಲ. ಆದರೆ ಸಂಜೆ ಕೆಲಸದಿಂದ ಹಿಂದಿರುಗುವ ಹೆಂಗಸು ಬೀದಿಯ ಮೂಲೆಯಲ್ಲಿ ನಿಂತು, ಸೊಪ್ಪಿಗೆಂದಿಟ್ಟ ಹಣದಲ್ಲಿಯೇ ಒಂದು ಮೊಳ ಮಲ್ಲಿಗೆಯನ್ನು ಕೊಳ್ಳುವಳಲ್ಲ, ಅದನ್ನೇನೆನ್ನುವಿರಿ? ಅಂಗಳವಿಲ್ಲದ ಮನೆಗೆ ಅದೇ ಹಿತ್ತಿಲು. ದುಡಿದು ದಣಿದ ಮನಸ್ಸಿಗೆ ಅದೇ ವಿಶ್ರಾಂತಿ. ಅತಿ ಪರಿಚಯದಿಂದ ನಮ್ಮಲ್ಲಿ ಕುಂದಿದ ಆದರವು ಆ ಒಂದು ಮೊಳದಲ್ಲಿ ಉಳಿದಿದೆ.

ಪಟ್ಟಣದ ಮದುವೆಗಳಲ್ಲಿ ಗಾಡಿಗಟ್ಟಲೆ ಹೂವು ಒಂದೇ ದಿನಕ್ಕೆ ಕಸವಾಗುವುದೆಂದು ಆಕ್ಷೇಪಿಸಬಹುದು. ನಿಜ, ಆದರೆ ಅದು ಧನದ ಆಡಂಬರ. ಆ ಆಡಂಬರವನ್ನು ನಮ್ಮ ಕಲ್ಯಾಣಮಂಟಪಗಳೂ ಈಗ ಅನುಕರಿಸುತ್ತಿವೆ.

ಇದಕ್ಕಿಂತ ಗುರುತರವಾದುದೊಂದಿದೆ. ಪಟ್ಟಣದ ಹೂವಾಡಗಿತ್ತಿಯು ಮೊಳ ಹಾಕುವಾಗ “ನೀನು ಮುತ್ತೈದೆಯೋ?” ಎಂದು ಕೇಳಳು. ನಮ್ಮಲ್ಲಿಯಾದರೋ, ಪತಿಯನ್ನು ಕಳೆದುಕೊಂಡ ತಾಯಿಯು ತಾನು ನೆಟ್ಟ ಗಿಡದ ಹೂವನ್ನು ದೇವರಿಗೆ ಏರಿಸುವಳು, ಸೊಸೆಗೆ ಮುಡಿಸುವಳು, ತಾನು ಮುಡಿಯಲಾರಳು. ಈ ಕಟ್ಟಳೆಯು ಪಟ್ಟಣದಲ್ಲಿಯೂ ಅಳಿದಿಲ್ಲ. ಆದರೂ ಅಲ್ಲಿ ಒಬ್ಬಳು ಮುಡಿದರೆ ಬೀದಿಯೆಲ್ಲ ವಿಚಾರಣೆಗೆ ನಿಲ್ಲುವುದಿಲ್ಲ.

ಸಂಸ್ಕೃತ ಪಾಠಶಾಲೆಯಲ್ಲಿ ಓದಿದ ನಾನು ಇದನ್ನು ಆಚಾರದ್ವೇಷದಿಂದ ಬರೆಯುತ್ತಿಲ್ಲ. ಹೂವು ವಿವಾಹದಿಂದ ಬಂದುದಲ್ಲ. ಹೆಣ್ಣುಮಗುವಿಗೆ ಜಡೆ ಕೂಡುವ ಮೊದಲೇ ನಾವು ಅದನ್ನು ಮುಡಿಸಿರುವೆವು. ಪತಿಯು ತಾರದುದನ್ನು ಪತಿಯೊಡನೆ ಕಳೆಯುವುದು ಯಾವ ನ್ಯಾಯ? ಒಂದು ಸಂಪಿಗೆಯನ್ನು ಕೈಯಲ್ಲಿತ್ತು “ಅಮ್ಮಾ, ಮುಡಿದುಕೋ” ಎನ್ನಲಾರದವನು ಪಟ್ಟಣಿಗರ ರಸಿಕತೆಯನ್ನು ಅಳೆಯಲು ಹೊರಡದಿರಲಿ.