ಪಂಚಮಿಯೋ ಪಾಲೋ

ಕಾನೂನಿನಿಂದ ಸಮಾಜ ಬದಲಾಗುತ್ತದೆಯೇ ಎಂಬ ಪ್ರಶ್ನೆಯನ್ನು ನಾವು ಸಾಮಾನ್ಯವಾಗಿ ದೊಡ್ಡ ತೀರ್ಪುಗಳನ್ನು ಮುಂದಿಟ್ಟುಕೊಂಡು ಚರ್ಚಿಸುತ್ತೇವೆ. ನನಗೆ ಅದನ್ನು ವಿಜಯಪುರ ಜಿಲ್ಲೆಯ ತಿಕೋಟಾ, ಬಬಲೇಶ್ವರ ಕಡೆಯ ಹೊಲದ ಉತಾರ (ಪಹಣಿ) ಹಿಡಿದುಕೊಂಡು ಕೇಳಬೇಕು ಅನಿಸುತ್ತದೆ. ಆ ಉತಾರದಲ್ಲಿ ಯಾರ ಹೆಸರಿದೆ, ಯಾರದಿಲ್ಲ?

ಈ ಸೀಮೆಯ ಹೊಲಗಳಲ್ಲಿ ಬಹುಪಾಲು ಮೊದಲು ಮಳೆ ನಂಬಿ ಬಿಳಿಜೋಳ ಬಿತ್ತುವ ನೆಲವಾಗಿದ್ದವು. ಹೆಣ್ಣುಮಗಳು ಪಾಲು ಕೇಳುತ್ತಿರಲಿಲ್ಲ, ಕೇಳಿದ್ದರೂ ಆ ಪಾಲಿನಿಂದ ಬದುಕು ನಡೆಯುತ್ತಿರಲಿಲ್ಲ. ಮುಳವಾಡ, ತುಬಚಿ–ಬಬಲೇಶ್ವರ ಏತ ನೀರಾವರಿ ಯೋಜನೆಗಳು ಕೃಷ್ಣೆಯ ನೀರನ್ನು ಕಾಲುವೆಗೆ, ಕೆರೆಗೆ ಹರಿಸಿದ ಮೇಲೆ ಮಾತು ಬೇರೆಯಾಯಿತು. ಬತ್ತಿದ ಬೋರುಗಳಲ್ಲಿ ನೀರು ಬಂತು, ದ್ರಾಕ್ಷಿ ಪಡಗಳು ಹಬ್ಬಿದವು, ಒಣದ್ರಾಕ್ಷಿಯ ಶೆಡ್ಡುಗಳು ಎದ್ದವು. 2018ರಲ್ಲಿ ಎರಡೂ ಊರುಗಳು ತಾಲ್ಲೂಕುಗಳೂ ಆದವು. ಹೊಲಕ್ಕೆ ಬೆಲೆ ಬಂತು. ಅದರ ಜೊತೆಗೇ ಅಕ್ಕ-ತಂಗಿಯರ ಸಹಿಗೂ ಬೆಲೆ ಬಂತು.

ಆ ಸಹಿ ಬೇಕಾಗುವಂತೆ ಮಾಡಿದ್ದು ಕಾನೂನು, ಅದೂ ಒಂದೇ ಸಲಕ್ಕಲ್ಲ. ಮೈಸೂರು ಸಂಸ್ಥಾನ 1933ರಲ್ಲೇ ಹಿಂದೂ ಹೆಂಗಸರ ಹಕ್ಕುಗಳ ಕಾಯ್ದೆ ತಂದಿತ್ತು. ಆಗ ವಿಜಯಪುರ ಮುಂಬೈ ಪ್ರಾಂತ್ಯದಲ್ಲಿದ್ದುದರಿಂದ ಇಲ್ಲಿನ ಹೆಣ್ಣುಮಕ್ಕಳಿಗೆ ಅದು ದಕ್ಕಲಿಲ್ಲ. ಹಿಂದೂ ಸಂಹಿತೆ ಮಸೂದೆ ನನೆಗುದಿಗೆ ಬಿದ್ದಾಗ ಅಂಬೇಡ್ಕರ್ 1951ರಲ್ಲಿ ಮಂತ್ರಿ ಪದವಿ ಬಿಟ್ಟರು. 1956ರ ಉತ್ತರಾಧಿಕಾರ ಕಾಯ್ದೆ ತಂದೆಯ ಪಾಲಿನಲ್ಲಿ ಮಗಳಿಗೊಂದು ತುಂಡು ಕೊಟ್ಟಿತೇ ಹೊರತು, ಪಿತ್ರಾರ್ಜಿತ ಆಸ್ತಿಯಲ್ಲಿ ಹುಟ್ಟಿನಿಂದ ಬರುವ ಹಕ್ಕನ್ನು ಗಂಡುಮಕ್ಕಳಿಗೇ ಉಳಿಸಿತು. ಕರ್ನಾಟಕದ ತಿದ್ದುಪಡಿ ಜಾರಿಯಾದದ್ದು 1994ರ ಜುಲೈ 30ರಂದು. ಅದೂ ಅದಕ್ಕೆ ಮೊದಲೇ ಮದುವೆಯಾದ ಮಗಳನ್ನು ಹೊರಗಿಟ್ಟಿತು. ಆ ವರ್ಷದ ಬೇಸಿಗೆಯಲ್ಲಿ ಮದುವೆಯಾದ ಅಕ್ಕನಿಗೆ ಆ ಹಳೆಯ ತುಂಡಷ್ಟೇ, ದೀಪಾವಳಿ ಕಳೆದ ಮೇಲೆ ಮದುವೆಯಾದ ತಂಗಿಗೆ ಪೂರ್ತಿ ಪಾಲು! ಕೇಂದ್ರದ ತಿದ್ದುಪಡಿ 2005ರ ಸೆಪ್ಟೆಂಬರ್ 9ರಿಂದ ಆ ಗೋಡೆ ಕೆಡವಿತು. ಆದರೂ ಆ ದಿನ ತಂದೆ ಬದುಕಿರಬೇಕಿತ್ತೇ ಎಂಬ ತಕರಾರು ಉಳಿದೇ ಇತ್ತು. ಬೆಳಗಾವಿಯ ಒಬ್ಬ ಮಗಳು 1992ರಲ್ಲಿ ಹಾಕಿದ ದಾವೆಗೆ ಸುಪ್ರೀಂ ಕೋರ್ಟು 2015ರಲ್ಲಿ, ಇರಬೇಕಿತ್ತು ಎಂದಿತು. ವಿನೀತಾ ಶರ್ಮಾ ಪ್ರಕರಣದಲ್ಲಿ ಮೂವರು ನ್ಯಾಯಮೂರ್ತಿಗಳ ಪೀಠ 2020ರ ಆಗಸ್ಟ್ 11ರಂದು, ಬೇಕಿಲ್ಲ, ಹಕ್ಕು ಹುಟ್ಟಿನಿಂದಲೇ ಬರುತ್ತದೆ ಎಂದಿತು. ಬಾಯಿಮಾತಿನಲ್ಲಿ ವಾಟ್ನಿ (ಆಸ್ತಿ ವಿಭಜನೆ) ಆಗಿಹೋಗಿದೆ ಎಂಬ ವಾದವನ್ನು ಸುಲಭಕ್ಕೆ ಒಪ್ಪಬಾರದೆಂದೂ ಹೇಳಿತು. ಈ ಭಾಗದ ಮನೆಗಳಿಗೆ ಎಲ್ಲಕ್ಕಿಂತ ಬಿಗಿಯಾಗಿ ತಟ್ಟಿದ್ದು ಆ ಕೊನೆಯ ಮಾತು.

ಇಷ್ಟೆಲ್ಲ ಆದ ಮೇಲೂ ಏನು ನಡೆಯುತ್ತದೆ ಎಂಬುದನ್ನು ಒಂದು ಉಪನೋಂದಣಿ ಕಚೇರಿಯಲ್ಲಿ ಕಂಡಿದ್ದೇನೆ. ಐವತ್ತರ ಆಸುಪಾಸಿನ ಹೆಣ್ಣುಮಗಳು, ಇಳಕಲ್ ಸೀರೆಯ ಸೆರಗು ತಲೆಯ ಮೇಲೆ. ಅಣ್ಣ ಕಾರು ಕಳಿಸಿ ಕರೆಸಿದ್ದ. ಅಣ್ಣನ ಮಗ ಚಹಾ ತಂದುಕೊಟ್ಟ, ಫ್ಯಾನಿನ ಕೆಳಗೆ ಜಾಗ ಮಾಡಿಕೊಟ್ಟ. ಪತ್ರ ಬರೆಯುವವರು ಹಕ್ಕು ಬಿಡುಗಡೆ ಪತ್ರವನ್ನು ಮೊದಲೇ ಟೈಪ್ ಮಾಡಿಸಿಟ್ಟಿದ್ದರು. ಕರೆ ಬಂತು. ಫೋಟೋ ಹಿಡಿದರು. ಹೆಬ್ಬೆರಳನ್ನು ಯಂತ್ರದ ಮೇಲಿಟ್ಟರೆ ಗುರುತು ಮೂಡಲಿಲ್ಲ; ಕಳೆ ತೆಗೆದು, ರೊಟ್ಟಿ ಬಡಿದು ಗೆರೆ ಸವೆದ ಬೆರಳು. ಸೆರಗಿಗೆ ಒರೆಸಿ ಮತ್ತೆ ಒತ್ತಿದಳು. ಮೂರನೇ ಸಲಕ್ಕೆ ಮೂಡಿತು. ಹೊರಗೆ ಬಂದಾಗ ಪಾಲು ಯಾಕೆ ಬಿಟ್ಟಿರಿ ಎಂದು ಕೇಳಿದೆ. “ನಂಗ್ಯಾಕ್ ಬೇಕ್ರಿ ಹೊಲಾ? ಅಣ್ಣ ಪಂಚಮಿಗಿ ಕರ್ಯಾಕ ಬಂದ್ರ ಸಾಕು” ಅಂದಳು. ಅಣ್ಣ ಪಕ್ಕದಲ್ಲೇ ನಿಂತಿದ್ದ.

ಅದು ಪ್ರೀತಿಯ ಮಾತೇ, ನಾನು ಅನುಮಾನಿಸುವುದಿಲ್ಲ. ಅದರೊಳಗಿನ ಭಯವೂ ಅಷ್ಟೇ ನಿಜ. ನಮ್ಮ ಕಡೆ ತವರೆಂದರೆ ಪಂಚಮಿಯ ಉಂಡಿ, ಜೋಕಾಲಿ, ಉಡಿ ತುಂಬಿ ಕಳಿಸುವ ವೈನಿ. ಗಂಡನ ಮನೆಯಲ್ಲಿ ಕಷ್ಟ ಬಂದರೆ ಎದ್ದು ಬರಬಹುದಾದ ಬಾಗಿಲು ಅದೊಂದೇ. ಪಾಲು ಕೇಳಿದರೆ ಆ ಬಾಗಿಲು ಮುಚ್ಚುತ್ತದೆ ಎಂದು ಯಾರೂ ಬಾಯಿಬಿಟ್ಟು ಹೇಳಬೇಕಿಲ್ಲ, ಅವಳಿಗೆ ಗೊತ್ತು. ವಿಜಯಪುರ ಶಹರದ ಮುಸ್ಲಿಂ ಮನೆಗಳನ್ನು ನೋಡಿದರೂ ಕಥೆ ಬಹಳ ಬೇರೆಯಲ್ಲ. ಮಗನ ಅರ್ಧದಷ್ಟು ಪಾಲು ಮಗಳಿಗೆ ಧರ್ಮದಲ್ಲೇ ಇದೆ. ಭಾಯಿಜಾನ್ ಬೇಸರ ಮಾಡಿಕೊಂಡಾನೆಂದು ಅಲ್ಲಿಯೂ ತಂಗಿ ಬಿಟ್ಟುಕೊಡುತ್ತಾಳೆ.

ಅಣ್ಣಂದಿರ ಮಾತನ್ನೂ ಕೇಳಬೇಕು. ಮದುವೆಗೆ ಖರ್ಚು ಮಾಡಿದ್ದೇವೆ, ಬಂಗಾರ ಹಾಕಿದ್ದೇವೆ, ಅದೇ ಅವಳ ಪಾಲು ಎನ್ನುತ್ತಾರೆ. ಈ ವಾದವನ್ನು ನಾನು ಒಪ್ಪುವುದಿಲ್ಲ. ವರದಕ್ಷಿಣೆ 1961ರಿಂದ ಅಪರಾಧ, ಕೊಟ್ಟಿದ್ದು ಬಹಳಷ್ಟು ಸಲ ಸೇರಿದ್ದು ಅವಳ ಕೈಗಲ್ಲ, ಬೀಗರ ಮನೆಗೆ. ಇನ್ನೊಂದು ಮಾತಿಗೆ ತೂಕವಿದೆ: ಅಪ್ಪ-ಅವ್ವನನ್ನು ಕೊನೆಯತನಕ ನೋಡಿಕೊಂಡವರು, ದ್ರಾಕ್ಷಿ ಪಡಕ್ಕೆ ಸಾಲ ತಂದವರು, ಆಣೆಕಲ್ಲು ಮಳೆಗೆ ಬೆಳೆ ಹೋದಾಗ ನಿದ್ದೆಗೆಟ್ಟವರು ನಾವು ಎಂಬುದು. ಅದು ನ್ಯಾಯದ ಮಾತು. ಹಾಗಾದರೆ ಸಾಲವನ್ನೂ ಆರೈಕೆಯನ್ನೂ ಲೆಕ್ಕಕ್ಕೆ ಹಿಡಿದು ಪಾಲು ಮಾಡಲಿ, ಅವಳು ಸಾಲದಲ್ಲೂ ಪಾಲು ಹೊರಲಿ. ಲೆಕ್ಕ ಮಾಡುವುದು ಬೇರೆ, ಹೆಸರನ್ನೇ ತೆಗೆದುಹಾಕುವುದು ಬೇರೆ.

ಬಸವನ ಬಾಗೇವಾಡಿ ಇದೇ ಜಿಲ್ಲೆಯ ಊರು. ಅಕ್ಕ ನಾಗಮ್ಮನಿಗಿಲ್ಲದ ಜನಿವಾರ ತನಗೂ ಬೇಡವೆಂದು ಬಸವಣ್ಣ ಮನೆ ಬಿಟ್ಟ ಕಥೆಯನ್ನು ಪ್ರತಿ ಬಸವ ಜಯಂತಿಗೆ ಕೇಳುತ್ತೇವೆ. ಜನಿವಾರದ ಜಾಗದಲ್ಲಿ ಎರಡೆಕರೆ ದ್ರಾಕ್ಷಿ ಪಡ ಇಟ್ಟು ಆ ಕಥೆಯನ್ನು ಇನ್ನೊಮ್ಮೆ ಹೇಳಿಕೊಳ್ಳಬೇಕು.

ಹಾಗಾದರೆ ಕಾನೂನು ಸೋತಿತೇ? ಮನಸ್ಸು ಬದಲಾಗದೆ ಕಾನೂನಿನಿಂದೇನು ಎನ್ನುವವರ ಜೊತೆ ನಾನಿಲ್ಲ. ಹಿಂದೆ ಅಪ್ಪ ತೀರಿದ ಮೇಲೆ ಗಂಡುಮಕ್ಕಳು ತಮ್ಮ ಹೆಸರಷ್ಟೇ ಬರೆದು ತಲಾಟಿಗೆ ವರ್ದಿ ಕೊಟ್ಟರೆ ಡೈರಿ (ಖಾತೆ ಬದಲಾವಣೆ) ಆಗಿಬಿಡುತ್ತಿತ್ತು. ಮಗಳನ್ನು ಯಾರೂ ಕೇಳುತ್ತಿರಲಿಲ್ಲ. ಈಗ ಅಣ್ಣ ಕಾರು ಕಳಿಸಬೇಕು. ಅವಳು ಬಾರದಿದ್ದರೆ ಹೊಲ ಮಾರಲು ತೊಡಕು, ಬ್ಯಾಂಕಿನ ಸಾಲಕ್ಕೂ ತೊಡಕು. ಬೇಡ ಎನ್ನಬಲ್ಲವಳಾಗಿ ಆ ಹೆಣ್ಣುಮಗಳು ನೋಂದಣಿ ಕಚೇರಿಯ ಬೆಂಚಿನ ಮೇಲೆ ಕೂತಿದ್ದಳು, ಅದು ಕಾನೂನು ತಂದ ಬದಲಾವಣೆ. ಮನಸ್ಸುಗಳು ಬದಲಾಗಲೆಂದು ಕಾದಿದ್ದರೆ ಅವಳ ಬೆರಳಿನ ಗುರುತು ಇವತ್ತಿಗೂ ಯಾರಿಗೂ ಬೇಕಾಗುತ್ತಿರಲಿಲ್ಲ.

ಆದರೆ ಈ ಹಕ್ಕನ್ನು ಕೊಡಲು ಸುಮಾರು ಐವತ್ತು ವರ್ಷ ತೆಗೆದುಕೊಂಡ ಕಾನೂನು ಅದನ್ನು ಬಿಡಿಸಿಕೊಳ್ಳಲು ಅರ್ಧ ಗಂಟೆಯನ್ನಷ್ಟೇ ಕೇಳುತ್ತದೆ. ನೋಂದಣಿ ಕಾಯ್ದೆ 1908ರದು. ಸಹಿ ನಿಮ್ಮದೇ ಹೌದೇ ಎಂದು ಅಧಿಕಾರಿ ಕೇಳಿದರೆ ಅದರ ಕೆಲಸ ಮುಗಿಯಿತು. ಎಷ್ಟು ಎಕರೆ ಬಿಡುತ್ತಿದ್ದೀರಿ, ಇವತ್ತಿನ ಬೆಲೆ ಎಷ್ಟು, ಬದಲಿಗೆ ಏನು ಸಿಕ್ಕಿತು ಎಂದು ಕೇಳುವ ಹೊಣೆ ಅವರ ಮೇಲಿಲ್ಲ. 1987ರ ಕಾನೂನು ಸೇವೆಗಳ ಕಾಯ್ದೆಯ ಪ್ರಕಾರ ಯಾವ ಹೆಣ್ಣುಮಗಳಿಗೂ, ಆದಾಯ ಎಷ್ಟೇ ಇರಲಿ, ಉಚಿತ ವಕೀಲರ ನೆರವು ಸಿಗಬೇಕು. ಆದರೆ ಆ ನೆರವು ಸಾಮಾನ್ಯವಾಗಿ ಅವಳನ್ನು ತಲುಪುವುದು ದಾವೆಯ ಹೊತ್ತಿಗೆ, ಅಂದರೆ ಅಣ್ಣ-ತಂಗಿ ಮಾತು ಬಿಟ್ಟ ಮೇಲೆ. ಸಹಿಗೆ ಮೊದಲೇ ಅದನ್ನು ಕೊಟ್ಟರೆ ಎಷ್ಟೋ ದಾವೆಗಳು ಹುಟ್ಟುವುದೇ ಇಲ್ಲ.

ನಾನು ಕೇಳುವುದು ದೊಡ್ಡದೇನಲ್ಲ. ಹಕ್ಕು ಬಿಡುಗಡೆ ಪತ್ರದಲ್ಲಿ ಬಿಡುವ ನೆಲದ ಅಳತೆ, ಬೆಲೆ ಕನ್ನಡದಲ್ಲಿ ದಪ್ಪ ಅಕ್ಷರದಲ್ಲಿರಲಿ. ಪತ್ರ ತಯಾರಾದ ದಿನಕ್ಕೂ ನೋಂದಣಿಯ ದಿನಕ್ಕೂ ನಡುವೆ ಒಂದು ತಿಂಗಳು ಕಳೆಯಲಿ. ವಂಶಾವಳಿಯಲ್ಲಿ ಹೆಣ್ಣುಮಕ್ಕಳ ಹೆಸರು ಬಿಟ್ಟವರಿಗೆ ದಂಡ ಬೀಳಲಿ. ನೋಂದಣಿಯ ದಿನ ಕಾನೂನು ಸೇವಾ ಪ್ರಾಧಿಕಾರದ ಒಬ್ಬ ವಕೀಲೆ ಅವಳನ್ನು ಒಳಗಿನ ಕೋಣೆಗೆ ಕರೆದುಕೊಂಡು ಹೋಗಿ, ಪತ್ರ ಓದಿ ಹೇಳಿ, ನಿಮಗೆ ಒಪ್ಪಿಗೆಯೇ ಎಂದು ಕೇಳಲಿ. ಹತ್ತು ನಿಮಿಷ ಸಾಕು. ಅಷ್ಟು ಹೊತ್ತು ಅಣ್ಣ ಹೊರಗೆ ನಿಂತಿರಲಿ.