‘ಏನೂ ಇಲ್ಲ ಅಕ್ಕಾ’



ಪಾತ್ರೆ ತೊಳೆಯುವುದು, ನೆಲ ಒರೆಸುವುದು, ಬಾಗಿಲು ಹಾಕುವುದು. ಇವುಗಳಲ್ಲಿ ನೋಡುವಂಥದ್ದೇನಿದೆ ಎಂದು ನಾವೇ ಕೇಳುತ್ತೇವೆ. ಆದರೆ ಕೆಲವು ಮಹಿಳೆಯರು ಕಥೆಯೇ ಇಲ್ಲದ ಕಿರು ಪ್ರಯೋಗಚಿತ್ರಗಳಲ್ಲಿ ಈ ದಿನನಿತ್ಯದ ಕೆಲಸವನ್ನೇ ನೋಡಿದರು. ಅದರ ತಳದ ಕುದಿತವನ್ನು ತೋರಿಸಿದರು.

1968ರಲ್ಲಿ ಬೆಲ್ಜಿಯಂನ ಶಾಂತಾಲ್ ಅಕರ್ಮನ್ 13 ನಿಮಿಷದ ‘ಸೋತ್ ಮ ವೀಲ್’ ತೆಗೆದಾಗ ಆಕೆಗೆ 18 ವರ್ಷ. ಹುಡುಗಿಯೊಬ್ಬಳು ಗುನುಗುತ್ತ ಮನೆಗೆ ಬರುತ್ತಾಳೆ. ಉಣ್ಣುತ್ತಾಳೆ, ನೆಲ ಒರೆಸುತ್ತಾಳೆ, ಬೂಟಿಗೆ ಪಾಲಿಶ್ ಹಚ್ಚುತ್ತಾಳೆ. ಹಚ್ಚುತ್ತ ಹಚ್ಚುತ್ತ ಕಾಲಿಗೂ ಬಳಿದುಕೊಳ್ಳುತ್ತಾಳೆ. ಕೊನೆಗೆ ಸ್ಫೋಟದ ಸದ್ದು. 1975ರಲ್ಲಿ ಅಮೆರಿಕದ ಮಾರ್ಥಾ ರಾಸ್ಲರ್ ‘ಸಿಮಿಯಾಟಿಕ್ಸ್ ಆಫ್ ದ ಕಿಚನ್’ ಎಂಬ ಸುಮಾರು 6 ನಿಮಿಷದ ವಿಡಿಯೋದಲ್ಲಿ ಅಡುಗೆ ಸಾಮಾನುಗಳನ್ನು ಅಕ್ಷರಮಾಲೆಯ ಕ್ರಮದಲ್ಲಿ ಒಂದೊಂದಾಗಿ ಎತ್ತಿ ತೋರಿಸಿದರು. ಮುಖದಲ್ಲಿ ನಗುವಿಲ್ಲ. ಚಾಕು ಗಾಳಿಯನ್ನು ಇರಿಯುತ್ತದೆ. ಸೌಟಿನಲ್ಲಿ ಇಲ್ಲದ ಸಾರನ್ನು ಆಕೆ ಪಕ್ಕಕ್ಕೆ ಎಸೆಯುತ್ತಾಳೆ. ಬಾಯಿ ಹೇಳದ್ದನ್ನು ಕೈ ಹೇಳುತ್ತದೆ.

ಅಡುಗೆಮನೆಯ ಸ್ಫೋಟ ನಮಗೆ ಹೊಸದಲ್ಲ. ‘ಸ್ಟೌ ಸಿಡಿದು ಗೃಹಿಣಿ ಸಾವು’ ಎಂಬ ಸುದ್ದಿಯನ್ನು ನಾವು ಎಷ್ಟು ಸಲ ಓದಿ ಪುಟ ತಿರುವಿಲ್ಲ! ಅಪಘಾತವೆಂದು ದಾಖಲಾದ ಇಂಥ ಸಾವುಗಳನ್ನು 1990ರ ದಶಕದಲ್ಲಿ ಬೆಂಗಳೂರಿನ ‘ವಿಮೋಚನಾ’ ಸಂಘಟನೆ ಪ್ರಶ್ನಿಸಿತು. ಚಿತ್ರದಲ್ಲಿ ಬೆಂಕಿ ಹಚ್ಚಿದ್ದು ಆ ಹುಡುಗಿಯ ಕೈ. ಇಲ್ಲಿ ಅದು ಯಾರ ಕೈ ಎಂದು ಕೇಳಲೇಬೇಕಾಯಿತು.

ಸುದ್ದಿ ಹೇಳುವುದು ಸ್ಫೋಟವನ್ನು ಮಾತ್ರ. ಈ ಚಿತ್ರಗಳು ಅದಕ್ಕೆ ಮುಂಚಿನ ನಿಮಿಷಗಳನ್ನು ನೋಡಿ ಎನ್ನುತ್ತವೆ. ಕಾನೂನು ಕೂಡ ಆ ನಿಮಿಷಗಳನ್ನು ಗುರುತಿಸಿದೆ. 2005ರ ಕೌಟುಂಬಿಕ ದೌರ್ಜನ್ಯ ಕಾಯ್ದೆಯ ಪ್ರಕಾರ ಹೊಡೆತವಷ್ಟೇ ದೌರ್ಜನ್ಯವಲ್ಲ. ಹೀಯಾಳಿಕೆ, ವರದಕ್ಷಿಣೆಗಾಗಿ ಕಾಟ, ಮನೆಖರ್ಚಿಗೆ ಹಣ ಕೊಡದಿರುವುದು ಕೂಡ ದೌರ್ಜನ್ಯವೇ.

ನಮ್ಮ ಸಂಘದ ಸಭೆಯನ್ನೇ ನೋಡೋಣ. ಉಳಿತಾಯದ ಹಣವನ್ನು ಮಗುವಿನ ಕೈಲಿ ಕಳಿಸಿ ತಾನು ಬಾರದವಳು, ಸಾಲ ಪಡೆದರೂ ಅದರ ಒಂದು ರೂಪಾಯಿಯನ್ನೂ ತಾನು ಮುಟ್ಟದವಳು, ಕೇಳಿದರೆ ‘ಏನೂ ಇಲ್ಲ ಅಕ್ಕಾ’ ಎಂದು ಸೆರಗು ಸರಿಮಾಡಿಕೊಳ್ಳುವವಳು. ಕಂತು ಬಂತೇ ಎಂದು ಪುಸ್ತಕ ನೋಡುವ ನಾವು ಅವಳ ಮುಖ ನೋಡಿದ್ದೇವೆಯೇ?

ಅವಳನ್ನು ಎಲ್ಲರೆದುರು ಪ್ರಶ್ನಿಸುವುದು ಬೇಡ. ಒಬ್ಬಳೇ ಸಿಕ್ಕಾಗ ಪಕ್ಕದಲ್ಲಿ ಕುಳಿತುಕೊಳ್ಳೋಣ. ಅವಳು ಬಾಯಿಬಿಟ್ಟರೆ ‘ಹೊಂದಿಕೊಂಡು ಹೋಗು’ ಎನ್ನದಿರೋಣ. 181 ಮಹಿಳಾ ಸಹಾಯವಾಣಿ ಇದೆ, ಸಂರಕ್ಷಣಾಧಿಕಾರಿ ಇದ್ದಾರೆ. ಅವಳು ಒಪ್ಪಿದರೆ ಜೊತೆಗೆ ಹೋಗೋಣ. ಸದ್ದು ಕೇಳಿದ ಮೇಲೆ ಓಡಿ ಹೋಗುವ ನೆರೆಹೊರೆಯವರು ಬಹಳ ಮಂದಿ ಇದ್ದಾರೆ. ಅದಕ್ಕೆ ಮುಂಚೆ ಬಾಗಿಲು ತಟ್ಟುವವರು ನಾವಾಗಬೇಕು.