ಈಸ್ಟರ್ ತಟ್ಟೆಗೆ ಮೇಯನೇಸ್ ಬೇಡ, ಶೇಂಗಾ ಹಿಂಡಿ ಸಾಕು



ಈಸ್ಟರ್ ಕೂಟಕ್ಕೆ ಏನು ತಿಂಡಿ ಅಂದರೆ ಈಗ ಮೊದಲು ಬರುವ ಉತ್ತರ ಸ್ಟಫ್ಡ್ ಎಗ್. ಬೇಯಿಸಿದ ಮೊಟ್ಟೆ ಸೀಳಿ, ಹಳದಿಯನ್ನು ಮೇಯನೇಸ್‌ನಲ್ಲಿ ಕಲಸಿ, ಮತ್ತೆ ತುಂಬುವುದು. ಮೊಟ್ಟೆ ಇರಲಿ, ಮೇಯನೇಸ್ ಬೇಡ ಅಂತ ನನ್ನ ಮಾತು.

ಏಪ್ರಿಲ್‌ನಲ್ಲಿ ಉಮರ್ಗಾ, ನಿಲಂಗಾ, ಉದಗೀರದ ಬಿಸಿಲು 40 ಡಿಗ್ರಿ ಮುಟ್ಟುತ್ತದೆ. ಹಸಿ ಮೊಟ್ಟೆಯ ಮೇಯನೇಸ್‌ನಲ್ಲಿ ಸಾಲ್ಮೊನೆಲ್ಲಾ ಬೆಳೆಯಬಹುದು. ಪಕ್ಕದ ತೆಲಂಗಾಣ 2024ರ ಅಕ್ಟೋಬರ್‌ನಲ್ಲಿ ಅದನ್ನು ಒಂದು ವರ್ಷ ನಿಷೇಧಿಸಿತು, 2025ರ ಏಪ್ರಿಲ್‌ನಲ್ಲಿ ತಮಿಳುನಾಡೂ ನಿಷೇಧಿಸಿತು. ಪ್ಯಾಕೆಟ್‌ನದಕ್ಕೆ ಆ ಭಯ ಕಡಿಮೆ, ಒಪ್ಪುತ್ತೇನೆ. ಆದರೆ ರುಚಿ ಸಪ್ಪೆ, ದುಡ್ಡು ದಂಡ!

ನಮ್ಮ ಮನೆಗಳಲ್ಲಿ ಶೇಂಗಾ ಹಿಂಡಿ, ಕಾಳಾ ಮಸಾಲೆ ಇದ್ದೇ ಇರುತ್ತವೆ. 12 ಮೊಟ್ಟೆಯ ಹಳದಿಗೆ ನಾಲ್ಕು ಚಮಚ ಹಿಂಡಿ, ಚಿಟಿಕೆ ಮಸಾಲೆ, ಸಣ್ಣಗೆ ಹೆಚ್ಚಿದ ಉಳ್ಳಾಗಡ್ಡಿ, ಕೊತ್ತಂಬರಿ, ನಿಂಬೆರಸ, ಒಂದು ಚಮಚ ಎಣ್ಣೆ. 24 ತುಂಡು ತಯಾರು. ವಾರದ ಹಿಂದಿನ ಮೊಟ್ಟೆ ತನ್ನಿರಿ, ಸಿಪ್ಪೆ ಸಲೀಸಾಗಿ ಬಿಡುತ್ತದೆ. ಹನ್ನೆರಡು ನಿಮಿಷ ಕುದಿಸಿ ತಣ್ಣೀರಿಗೆ ಹಾಕಿರಿ. ಹೆಚ್ಚು ಕುದಿಸಿದರೆ ಕಬ್ಬಿಣ, ಗಂಧಕ ಸೇರಿ ಹಳದಿಯ ಸುತ್ತ ಹಸಿರು ಉಂಗುರ ಬರುತ್ತದೆ. ಅಪಾಯವಿಲ್ಲ, ನೋಡಲು ಚಂದವೂ ಇಲ್ಲ.

ಹಿಂಡಿ ಹಾಕಿದ ಮಾತ್ರಕ್ಕೆ ಮೊಟ್ಟೆ ಕೆಡುವುದಿಲ್ಲ ಅಂತಲ್ಲ. ಈ ಸೆಕೆಯಲ್ಲಿ ಒಂದು ತಾಸಿಗಿಂತ ಹೆಚ್ಚು ಹೊರಗಿಡಬೇಡಿರಿ. ಪ್ರಾರ್ಥನೆ ಮುಗಿದ ಮೇಲೆಯೇ ತುಂಬಿರಿ. ಸುಲಿಯುವ ಕೆಲಸ ಅಕ್ಕಂದಿರಿಗೆ, ಹಂಚುವ ಗೌರವ ಹುಡುಗರಿಗೆ ಅನ್ನುವ ಪದ್ಧತಿಯೂ ಸಾಕು. ನೂರು ಮೊಟ್ಟೆ ಸುಲಿಯಲು ಹುಡುಗರೂ ಕೂಡಲಿ.

ಮೊಟ್ಟೆ ತಿನ್ನದ ನೆರೆಯವರೂ ಬರುತ್ತಾರೆ. ಅವರಿಗೆ ಅದೇ ಹಿಂಡಿಯನ್ನು ಬೇಯಿಸಿದ ಆಲೂಗಡ್ಡೆಯಲ್ಲಿ ತುಂಬಿ, ಬೇರೆ ತಟ್ಟೆಯಲ್ಲಿ ಮೊದಲೇ ಎತ್ತಿಡಿರಿ.